ಕೈಯ ಲೆಕ್ಕ: ರಸ್ತೆ ಅಪಘಾತದ ಪರಿಹಾರ ನಡೆದು ಬಂದ ದಾರಿ

ಎರಡು ವರ್ಷದ ಹಿಂದೆ ಪುಣೆಯ ವಕೀಲರೊಬ್ಬರ ಕಚೇರಿಯಿಂದ ನನಗೊಂದು ಅನುವಾದದ ಕೆಲಸ ಬಂತು. ಕನ್ನಡದಲ್ಲಿದ್ದ ಹದಿನಾಲ್ಕು ಪುಟಗಳನ್ನು ಇಂಗ್ಲಿಷಿಗೆ ಮಾಡಿಕೊಡಬೇಕಿತ್ತು: ಒಂದು ಎಫ್‌ಐಆರ್, ಸ್ಥಳದ ಪಂಚನಾಮೆ, ಮೂವರು ಸಾಕ್ಷಿಗಳ ಹೇಳಿಕೆ. ಯಾದಗಿರಿ ಜಿಲ್ಲೆಯಿಂದ ಬಂದು ಹನ್ನೊಂದು ವರ್ಷದಿಂದ ಪುಣೆಯಲ್ಲಿ ಕಟ್ಟಡದ ಕೆಲಸ ಮಾಡುತ್ತಿದ್ದವರೊಬ್ಬರು ಯುಗಾದಿಗೆ ಊರಿಗೆ ಹೋಗಿದ್ದರು. ಬೈಕಿನಲ್ಲಿ ಸಂತೆಗೆ ಹೊರಟಾಗ ಹಿಂದಿನಿಂದ ಟೆಂಪೊ ಬಡಿಯಿತು. ಜೀವ ಉಳಿಯಿತು. ಬಲಗೈಯ ಮಣಿಕಟ್ಟು ಮಾತ್ರ ಮೊದಲಿನಂತಾಗಲಿಲ್ಲ.

ನಮ್ಮ ಕಡೆಯ ಪೊಲೀಸ್ ಕಾಗದಗಳನ್ನು ನೋಡಿದವರಿಗೆ ಅವುಗಳ ಕ್ರಮ ಗೊತ್ತಿರುತ್ತದೆ. ಹೆಸರು, ತಂದೆಯ ಹೆಸರು, ವಯಸ್ಸು, ಜಾತಿ. ಆಮೇಲೆ 'ಉ' ಎಂದರೆ ಉದ್ಯೋಗ, 'ಸಾ' ಎಂದರೆ ಸಾಕಿನ್, ಅಂದರೆ ಊರು. ಈ ಕಾಗದದಲ್ಲಿ 'ಉ' ಮುಂದೆ ಎರಡೇ ಪದ: ಕೂಲಿ ಕೆಲಸ.

ಪಂಚನಾಮೆಯಲ್ಲಿದ್ದ ಒಂದು ಹಳ್ಳದ ಹೆಸರು ಅರ್ಥವಾಗದೆ, ವಕೀಲರಿಂದ ನಂಬರ್ ಪಡೆದು ಅವರಿಗೇ ಫೋನ್ ಮಾಡಿದೆ. ಹೆಸರು ಹೇಳಿದರು. ಮತ್ತೇನು ಬರೆದಿದೆ ಎಂದು ಕೇಳಿದರು. ಓದುತ್ತಾ ಹೋದೆ. ಉದ್ಯೋಗದ ಹತ್ತಿರ ಬಂದಾಗ ತಡೆದರು.

"ಕೂಲಿ ಅಂತ ಬರದಾರೇನ್ರೀ? ನಾ ಗೌಂಡಿ ಅದೀನ್ರೀ ಅಕ್ಕಾರ. ಕೂಲಿಯವರು ನನ್ನ ಕೈಕೆಳಗ ಇರ್ತಾರ."

ಗೌಂಡಿ ಎಂದರೆ ಗೋಡೆ ಕಟ್ಟುವವ, ಗಾರೆ ಕೆಲಸದ ಕುಶಲಿ. ಮರಾಠಿಯಲ್ಲೂ ಅದೇ ಪದ, ಗವಂಡಿ. "ಇಂಗ್ಲಿಷಿನ್ಯಾಗರ ಗೌಂಡಿ ಅಂತ ಬರೀರಿ" ಎಂದರು. ಆಗುವುದಿಲ್ಲ ಎಂದೆ. ಮೂಲದಲ್ಲಿ ಕೂಲಿ ಎಂದಿದ್ದರೆ ನಾನು ಕೂಲಿ ಎಂದೇ ಬರೆಯಬೇಕು. ಇದು ಮೂಲಕ್ಕೆ ಸರಿಯಾದ ಅನುವಾದ ಎಂದು ಕೊನೆಯಲ್ಲಿ ಸಹಿ ಹಾಕುವವಳು ನಾನು. ಸ್ವಲ್ಪ ಹೊತ್ತು ಸುಮ್ಮನಿದ್ದರು. ಆಮೇಲೆ, "ಹಂಗಾರ ಆ ಬರದವ್ರದೇ ಖರೇ ಆತಲ್ರೀ" ಎಂದರು.

ಆ ಮಾತು ನನ್ನನ್ನು ಬಿಡಲಿಲ್ಲ. ಒಂದು ಪದದಿಂದ ಏನು ವ್ಯತ್ಯಾಸವಾಗುತ್ತದೆ ಎಂದು ವಕೀಲರನ್ನು ಕೇಳಿದೆ. "ಲಕ್ಷಗಳಲ್ಲಿ ಆಗುತ್ತದೆ" ಎಂದರು. ಒಂದು ಗಾಯಕ್ಕೆ ಕಾನೂನು ಹೇಗೆ ಬೆಲೆ ಕಟ್ಟುತ್ತದೆ, ಆ ಲೆಕ್ಕ ಎಲ್ಲಿಂದ ಬಂತು ಎಂದು ಓದತೊಡಗಿದ್ದು ಅಲ್ಲಿಂದ. ಓದಿದ್ದನ್ನು ನಿಮ್ಮ ಮುಂದೆ ಇಡುತ್ತಿದ್ದೇನೆ. ತೀರ್ಪುಗಳಿಗೆ ಕಕ್ಷಿದಾರರ ಹೆಸರೇ ಹೆಸರು. ಆದರೂ ಅವನ್ನು ಇಲ್ಲಿ ಬಿಟ್ಟಿದ್ದೇನೆ. ಕೈಯೋ ಕಾಲೋ ಕಳೆದುಕೊಂಡವರು ಹೆಸರುವಾಸಿಯಾಗಲು ಕೋರ್ಟಿಗೆ ಹೋದವರಲ್ಲ.

ಸಾರೋಟಿನ ಮೇಲಿನ ಹೆಂಡತಿ

ಕತೆ ಮೋಟಾರಿಗಿಂತ ಹಳೆಯದು. 1808ರಲ್ಲಿ ಇಂಗ್ಲೆಂಡಿನಲ್ಲಿ ಪ್ರಯಾಣಿಕರ ಕುದುರೆ ಸಾರೋಟೊಂದು ಮಗುಚಿಬಿತ್ತು. ಮೇಲೆ ಕೂತಿದ್ದ ಗಂಡನಿಗೆ ಪೆಟ್ಟಾಯಿತು. ಹೆಂಡತಿ ತೀವ್ರವಾಗಿ ಗಾಯಗೊಂಡು ಸುಮಾರು ಒಂದು ತಿಂಗಳ ನಂತರ ಆಸ್ಪತ್ರೆಯಲ್ಲಿ ತೀರಿಕೊಂಡಳು. ಗಂಡ ಮದ್ಯದಂಗಡಿ ನಡೆಸುತ್ತಿದ್ದ. ಹೆಂಡತಿ ವ್ಯಾಪಾರದಲ್ಲಿ ಕೈಗೂಡಿಸುತ್ತಿದ್ದಳು. ಆತ ಸಾರೋಟಿನ ಮಾಲೀಕರ ಮೇಲೆ ದಾವೆ ಹೂಡಿದ.

ಲಾರ್ಡ್ ಎಲೆನ್‌ಬರೋ ಕೊಟ್ಟ ಉತ್ತರ ಮುಂದಿನ ನಲವತ್ತು ವರ್ಷ ಕಾನೂನಾಗಿ ನಿಂತಿತು. ಮನುಷ್ಯನೊಬ್ಬನ ಸಾವನ್ನು ಸಿವಿಲ್ ಕೋರ್ಟಿನಲ್ಲಿ ನಷ್ಟವೆಂದು ದೂರುವಂತಿಲ್ಲ. ಗಂಡನಿಗೆ ತನ್ನ ಪೆಟ್ಟಿಗೂ, ಹೆಂಡತಿ ಬದುಕಿದ್ದ ಆ ಒಂದು ತಿಂಗಳ ನಷ್ಟಕ್ಕೂ ಸೇರಿ 100 ಪೌಂಡ್ ಸಿಕ್ಕಿತು. ಅವಳು ಸತ್ತ ಕ್ಷಣದಿಂದಾಚೆಗೆ ಏನೂ ಇಲ್ಲ. ಅಂದರೆ ಜನರನ್ನು ಗಾಯಗೊಳಿಸುವುದಕ್ಕಿಂತ ಕೊಲ್ಲುವುದು ಸಾರೋಟಿನವರಿಗೆ ಅಗ್ಗವಾಗಿತ್ತು.

ರೈಲು ಬಂದ ಮೇಲೆ ಈ ಅಸಂಬದ್ಧ ತಡೆಯಲಾರದಷ್ಟಾಯಿತು. 1846ರಲ್ಲಿ ಬ್ರಿಟಿಷ್ ಸಂಸತ್ತು ಸತ್ತವರ ಕುಟುಂಬಕ್ಕೆ ದಾವೆಯ ಹಕ್ಕು ಕೊಟ್ಟಿತು. ಮುಂಬಯಿಯ ಬೋರಿಬಂದರಿನಿಂದ ಠಾಣೆಗೆ ಮೊದಲ ರೈಲು ಓಡಿದ್ದು 1853ರಲ್ಲಿ. ಎರಡು ವರ್ಷದಲ್ಲಿ, 1855ರಲ್ಲಿ, ಅದೇ ಕಾನೂನು ಭಾರತಕ್ಕೂ ಬಂತು. ಗಂಡ, ಹೆಂಡತಿ, ತಂದೆತಾಯಿ, ಮಕ್ಕಳು ಕೇಳಬಹುದು. ಅಣ್ಣತಮ್ಮಂದಿರು, ಅತ್ತಿಗೆ ನಾದಿನಿಯರು ಈ ಪಟ್ಟಿಯಲ್ಲಿ ಇರಲಿಲ್ಲ. ಇಂಗ್ಲೆಂಡಿನ ಸಂಸಾರದ ಅಳತೆಗೆ ಹೊಲಿದ ಅಂಗಿಯನ್ನು ನಮ್ಮ ಅವಿಭಕ್ತ ಕುಟುಂಬಕ್ಕೆ ತೊಡಿಸಲಾಗಿತ್ತು.

ಬದುಕಿ ಉಳಿದ ಗಾಯಾಳು ಮಾತ್ರ ಸಾಮಾನ್ಯ ಸಿವಿಲ್ ದಾವೆ ಹೂಡಬೇಕಿತ್ತು. ಕೇಳುವ ಮೊತ್ತಕ್ಕೆ ತಕ್ಕ ಕೋರ್ಟ್ ಫೀ ಮೊದಲೇ ಕಟ್ಟಬೇಕು. ಚಾಲಕನ ತಪ್ಪನ್ನು ತಾನೇ ಸಾಬೀತು ಮಾಡಬೇಕು. ಗೆದ್ದರೂ ಲಾರಿಯ ಮಾಲೀಕನ ಕೈಯಲ್ಲಿ ಹಣವಿರಬೇಕು.

ಮೂರನೆಯವರು

ಈ ಕೊನೆಯ ತೊಡಕನ್ನು ಬಿಡಿಸಿದ್ದು ವಿಮೆ. ಬ್ರಿಟನ್ 1930ರಲ್ಲಿ ವಾಹನಗಳಿಗೆ ವಿಮೆ ಕಡ್ಡಾಯ ಮಾಡಿತು. ನಮ್ಮಲ್ಲಿ 1939ರ ಮೋಟಾರು ವಾಹನ ಕಾಯ್ದೆ ಅದನ್ನು ಅನುಸರಿಸಿತು. ಆದರೆ ನಡುವೆ ಯುದ್ಧ ಬಂದು, ವಿಮೆಯ ಅಧ್ಯಾಯ ಜಾರಿಗೆ ಬಂದದ್ದು 1946ರ ಜುಲೈ 1ರಂದು.

ಆ ಅಧ್ಯಾಯದಿಂದ 'ಥರ್ಡ್ ಪಾರ್ಟಿ' ಎಂಬ ಮಾತು ನಮ್ಮ ಬಾಯಿಗೆ ಬಂತು. ವಿಮೆಯ ಒಪ್ಪಂದದಲ್ಲಿ ಮಾಲೀಕ ಒಬ್ಬ, ಕಂಪನಿ ಇನ್ನೊಬ್ಬ. ರಸ್ತೆಯಲ್ಲಿ ನಡೆದುಹೋಗುತ್ತಿದ್ದು ಪೆಟ್ಟು ತಿಂದವನು ಮೂರನೆಯವನು. ಒಪ್ಪಂದದ ಕಾಗದಕ್ಕೆ ಸಹಿ ಹಾಕದವನಿಗಾಗಿಯೇ ಆ ಒಪ್ಪಂದ ಕಡ್ಡಾಯವಾಗಿದೆ ಎಂಬುದನ್ನು ಬೈಕಿನ ಇನ್ಶೂರೆನ್ಸ್ ನವೀಕರಿಸುವಾಗ ನಾವು ಮರೆಯುತ್ತೇವೆ. ನಾವು ಕಟ್ಟುವ ಥರ್ಡ್ ಪಾರ್ಟಿ ಪ್ರೀಮಿಯಂ ನಮ್ಮ ಬೈಕಿಗಲ್ಲ, ನಮ್ಮ ಬೈಕು ಯಾರಿಗೆ ಬಡಿಯಬಹುದೋ ಅವರಿಗೆ.

ಮುಂದಿನ ಹೆಜ್ಜೆ 1956ರ ತಿದ್ದುಪಡಿ. ಸಿವಿಲ್ ದಾವೆಯ ಬದಲು ಮೋಟಾರು ಅಪಘಾತ ಕ್ಲೇಮುಗಳ ನ್ಯಾಯಮಂಡಳಿ; ದೊಡ್ಡ ಕೋರ್ಟ್ ಫೀಯ ಬದಲು ಒಂದು ಅರ್ಜಿ. ಎಷ್ಟು ಕೊಡಬೇಕು ಎಂಬುದಕ್ಕೆ ಆ ಕಾಯ್ದೆ ಒಂದೇ ಒಂದು ವಿಶೇಷಣ ಇಟ್ಟಿತು. ಮಂಡಳಿಗೆ ನ್ಯಾಯವೆಂದು ಕಾಣುವ ಮೊತ್ತ. 1988ರ ಹೊಸ ಕಾಯ್ದೆಯೂ ಆ ಪದವನ್ನು ಹಾಗೇ ಉಳಿಸಿಕೊಂಡಿತು. ಅರ್ಜಿದಾರ ಕೇಳಿದ್ದಕ್ಕಿಂತ ಹೆಚ್ಚು ಕೊಡುವುದು ನ್ಯಾಯವೆಂದು ಕಂಡರೆ ಅದಕ್ಕೂ ಅಡ್ಡಿಯಿಲ್ಲ ಎಂದು ಈ ಶತಮಾನದ ಆರಂಭದಲ್ಲಿ ಸುಪ್ರೀಂ ಕೋರ್ಟ್ ಹೇಳಿತು. ತನಗೆ ಏನು ಸಲ್ಲಬೇಕೆಂಬುದೇ ಬಡವನಿಗೆ ಗೊತ್ತಿರುವುದಿಲ್ಲ ಎಂಬ ಅರಿವು ಅದರ ಹಿಂದಿದೆ.

ತಪ್ಪು ಯಾರದು?

ಆದರೆ ಚಾಲಕನ ತಪ್ಪನ್ನು ಸಾಬೀತು ಮಾಡುವ ಹೊರೆ ಉಳಿದೇ ಇತ್ತು. 1977ರಲ್ಲಿ ಸುಪ್ರೀಂ ಕೋರ್ಟ್, ಅಜಾಗರೂಕತೆ ಸಾಬೀತಾಗದೆ ಮಾಲೀಕನ ಮೇಲಾಗಲಿ ವಿಮಾ ಕಂಪನಿಯ ಮೇಲಾಗಲಿ ಹೊಣೆ ಬರುವುದಿಲ್ಲ ಎಂದು ಹೇಳಿತು. ಪ್ರಜ್ಞೆ ತಪ್ಪಿ ಬಿದ್ದವನು ಟೆಂಪೊ ಎಷ್ಟು ವೇಗದಲ್ಲಿತ್ತು ಎಂದು ಹೇಗೆ ಹೇಳಿಯಾನು?

1979ರಲ್ಲಿ ಹರಿಯಾಣದ ಒಂದು ಕೇಸು ಬಂತು. ಅಪಘಾತದಲ್ಲಿ ದುಡಿಯುವವನನ್ನು ಕಳೆದುಕೊಂಡ ವಿಧವೆ ಮತ್ತು ಮಗಳು, ಕೋರ್ಟ್ ಫೀ ಕಟ್ಟಲು ಹಣವಿಲ್ಲ, ವಿನಾಯಿತಿ ಕೊಡಿ ಎಂದು ಕೇಳಿದ್ದರು. ಅದನ್ನು ವಿರೋಧಿಸಿ ಸುಪ್ರೀಂ ಕೋರ್ಟಿನವರೆಗೆ ಹೋದದ್ದು ರಾಜ್ಯ ಸರ್ಕಾರವೇ. ನ್ಯಾಯಮೂರ್ತಿ ವಿ. ಆರ್. ಕೃಷ್ಣ ಅಯ್ಯರ್ ಸರ್ಕಾರದ ಅರ್ಜಿಯನ್ನು ತಳ್ಳಿಹಾಕಿದರು. ಬಡವರಿಗೆ ನ್ಯಾಯ ದುಬಾರಿಯಾಗಬಾರದು ಎಂಬುದು ಅವರ ಮಾತಿನ ತಿರುಳು.

1980ರಲ್ಲಿ ಕಾನೂನು ಆಯೋಗ ತನ್ನ 85ನೇ ವರದಿಯಲ್ಲಿ ತಪ್ಪು ಯಾರದೆಂದು ನೋಡದೆ ಪರಿಹಾರ ಕೊಡುವ ವ್ಯವಸ್ಥೆಗೆ ಶಿಫಾರಸು ಮಾಡಿತು. 1982ರ ಅಕ್ಟೋಬರ್ 1ರಿಂದ ಅದು ಜಾರಿಗೆ ಬಂತು. ಸಾವಿಗೆ 15,000 ರೂಪಾಯಿ, ಶಾಶ್ವತ ಅಂಗವೈಕಲ್ಯಕ್ಕೆ 7,500. ಮೊತ್ತ ಸಣ್ಣದು. ಆದರೆ ಮೊದಲ ಬಾರಿಗೆ ಕಾನೂನು ಗಾಯಾಳುವನ್ನು 'ಸಾಬೀತು ಮಾಡು' ಎನ್ನದೆ ನೋಡಿತು.

ಇಲ್ಲಿ ಕನ್ನಡ ನಾಡಿನ ಒಬ್ಬರು ಬರುತ್ತಾರೆ. ಕರ್ನಾಟಕ ಹೈಕೋರ್ಟಿನಿಂದ ಸುಪ್ರೀಂ ಕೋರ್ಟಿಗೆ ಹೋಗಿ, 1989ರಲ್ಲಿ ಭಾರತದ ಮುಖ್ಯ ನ್ಯಾಯಮೂರ್ತಿಯಾದ ಇ. ಎಸ್. ವೆಂಕಟರಾಮಯ್ಯ. 1987ರಲ್ಲಿ ಗುಜರಾತಿನ ಒಂದು ಬಸ್ ಅಪಘಾತದ ಕೇಸಿನಲ್ಲಿ, ಸತ್ತವನ ಸೋದರರು ಪರಿಹಾರ ಕೇಳಬಹುದೇ ಎಂಬ ಪ್ರಶ್ನೆ ಅವರ ಮುಂದಿತ್ತು. 1855ರ ಪಟ್ಟಿಯ ಪ್ರಕಾರ ಕೇಳುವಂತಿರಲಿಲ್ಲ. ಅವರು, ಭಾರತದ ಮನೆಗಳಲ್ಲಿ ಅಣ್ಣತಮ್ಮಂದಿರು, ಅಕ್ಕತಂಗಿಯರು, ಅವರ ಮಕ್ಕಳು, ಒಮ್ಮೊಮ್ಮೆ ಸಾಕಿಕೊಂಡ ಮಕ್ಕಳೂ ಒಬ್ಬನ ದುಡಿಮೆಯ ಮೇಲೆ ಒಟ್ಟಿಗೆ ಬದುಕುತ್ತಾರೆ ಎಂದು ನೆನಪಿಸಿ, ಕೇಳಬಹುದು ಎಂದರು. ಇಂಗ್ಲಿಷ್ ಅಂಗಿಯನ್ನು ಬಿಚ್ಚಿ ನಮ್ಮ ಮೈಗೆ ಅಳತೆ ತೆಗೆದದ್ದು ಆಗ. ಅದೇ ವರ್ಷ ಇನ್ನೊಂದು ತೀರ್ಪಿನಲ್ಲಿ, 15,000 ಮತ್ತು 7,500 ಈ ಬೆಲೆಯೇರಿಕೆಯ ಕಾಲಕ್ಕೆ ಹೊಂದುವುದಿಲ್ಲ, ಹೆಚ್ಚಿಸಿ ಎಂದು ಸರ್ಕಾರಕ್ಕೆ ಸೂಚಿಸಿದರು. 1988ರ ಕಾಯ್ದೆ ಅವನ್ನು 25,000 ಮತ್ತು 12,000ಕ್ಕೆ ಏರಿಸಿತು. 1994ರಲ್ಲಿ 50,000 ಮತ್ತು 25,000 ಆಯಿತು.

ಊರು ಬಿಟ್ಟವರಿಗೆ ಸಿಕ್ಕ ದಾರಿ

1994ರ ತಿದ್ದುಪಡಿ ಇನ್ನೂ ಎರಡು ಕೆಲಸ ಮಾಡಿತು. ಒಂದು ಒಳ್ಳೆಯದು, ಇನ್ನೊಂದು ಅರ್ಧ ಒಳ್ಳೆಯದು.

ಒಳ್ಳೆಯದು, ಈ ಪತ್ರ ಓದುತ್ತಿರುವ ನಮ್ಮಂಥವರಿಗೆ ನೇರವಾಗಿ ತಟ್ಟುವಂಥದ್ದು. ಅಲ್ಲಿಯವರೆಗೆ ಅಪಘಾತ ಎಲ್ಲಿ ಆಯಿತೋ ಆ ಪ್ರದೇಶದ ಮಂಡಳಿಯಲ್ಲೇ ಅರ್ಜಿ ಹಾಕಬೇಕಿತ್ತು. ಚೆನ್ನೈಯಲ್ಲಿ ಕೆಲಸ ಮಾಡುವವನು ಬಳ್ಳಾರಿಯ ಹತ್ತಿರ ಬಿದ್ದರೆ, ಪ್ರತಿ ತಾರೀಕಿಗೂ ಕುಂಟುತ್ತಾ ಬಳ್ಳಾರಿಗೆ ಹೋಗಬೇಕು. 1994ರ ನಂತರ ಗಾಯಾಳು ತಾನು ವಾಸಿಸುವ ಅಥವಾ ವ್ಯವಹಾರ ನಡೆಸುವ ಊರಿನಲ್ಲೂ ಅರ್ಜಿ ಹಾಕಬಹುದು. ನಮ್ಮ ಗೌಂಡಿ ಯಾದಗಿರಿಯಲ್ಲಿ ಬಿದ್ದು ಪುಣೆಯಲ್ಲಿ ಕೇಸು ಹಾಕಿದ್ದು ಈ ದಾರಿಯಿಂದ. ಕನ್ನಡದ ಕಾಗದಗಳು ನನ್ನ ಮೇಜಿಗೆ ಬಂದದ್ದೂ ಹಾಗೆಯೇ.

ಅರ್ಧ ಒಳ್ಳೆಯದು, ಒಂದು ಕೋಷ್ಟಕ. ತಪ್ಪು ಸಾಬೀತು ಮಾಡದೆಯೇ ವಯಸ್ಸು, ಆದಾಯ ನೋಡಿ ಮೊತ್ತ ಹೇಳುವ ಪಟ್ಟಿ. ವರ್ಷಕ್ಕೆ 40,000 ರೂಪಾಯಿವರೆಗಿನ ಆದಾಯಕ್ಕೆ ಮಾತ್ರ. ತೀವ್ರ ಗಾಯದ ನೋವಿಗೆ 5,000 ರೂಪಾಯಿ, ಸಣ್ಣ ಗಾಯದ ನೋವಿಗೆ 1,000. ಆದಾಯವಿಲ್ಲದವರಿಗೆ ವರ್ಷಕ್ಕೆ 15,000 ಎಂದು ಊಹಿಸಿಕೊಳ್ಳಬೇಕು. ಎರಡೇ ವರ್ಷದಲ್ಲಿ, 1996ರಲ್ಲಿ, ಪಟ್ಟಿಯಲ್ಲಿ ಲೆಕ್ಕದ ತಪ್ಪುಗಳೇ ತುಂಬಿವೆ ಎಂದು ಸುಪ್ರೀಂ ಕೋರ್ಟ್ ತೋರಿಸಿತು. ಆದರೂ ಅದು ಬದಲಾದದ್ದು 2018ರಲ್ಲಿ. ಇಪ್ಪತ್ತನಾಲ್ಕು ವರ್ಷ ಈ ದೇಶದಲ್ಲಿ ಅಕ್ಕಿ, ಬಾಡಿಗೆ, ಬಸ್ ದರ ಎಲ್ಲವೂ ಏರಿದವು. ಆ ಪಟ್ಟಿಯ ನೋವು 5,000ದಲ್ಲೇ ನಿಂತಿತ್ತು.

ಈ ಕೈ ಏನು ಮಾಡುತ್ತಿತ್ತು?

ಪಟ್ಟಿಯಾಚೆಗೆ, 'ನ್ಯಾಯವೆಂದು ಕಾಣುವ ಮೊತ್ತ'ವನ್ನು ಒಂದು ಕ್ರಮಕ್ಕೆ ತಂದವರಲ್ಲಿ ಮುಖ್ಯರು ಇನ್ನೊಬ್ಬ ಕನ್ನಡಿಗ, ಬೆಂಗಳೂರಿನಲ್ಲಿ ವಕೀಲರಾಗಿದ್ದು ಕರ್ನಾಟಕ ಹೈಕೋರ್ಟಿನ ನ್ಯಾಯಮೂರ್ತಿಯಾಗಿ, ಮುಂದೆ ಸುಪ್ರೀಂ ಕೋರ್ಟಿಗೆ ಹೋದ ಆರ್. ವಿ. ರವೀಂದ್ರನ್. 2009ರ ಏಪ್ರಿಲ್‌ನಲ್ಲಿ ಅವರು ಬರೆದ ತೀರ್ಪು ಇವತ್ತಿಗೂ ದೇಶದ ಪ್ರತಿ ಮಂಡಳಿಯ ಮೇಜಿನ ಮೇಲಿದೆ. ವರ್ಷದ ಆದಾಯವನ್ನು ಎಷ್ಟರಿಂದ ಗುಣಿಸಬೇಕು ಎಂಬ ಗೊಂದಲಕ್ಕೆ ಅದು ಒಂದು ಕ್ರಮ ಕೊಟ್ಟಿತು. 25 ವರ್ಷದವರೆಗೆ 18. 26ರಿಂದ 30ಕ್ಕೆ 17. 31ರಿಂದ 35ಕ್ಕೆ 16. ಹೀಗೆ ಇಳಿಯುತ್ತಾ 66ರಿಂದ 70ಕ್ಕೆ 5. ಅದೇ ವಯಸ್ಸು, ಅದೇ ಸಂಬಳದ ಇಬ್ಬರಿಗೆ ಎರಡು ಊರಿನಲ್ಲಿ ಎರಡು ಲೆಕ್ಕವಾಗುವುದು ನಿಲ್ಲಬೇಕು ಎಂಬುದು ಉದ್ದೇಶ.

ಅದು ಮುಖ್ಯವಾಗಿ ಸಾವಿನ ಲೆಕ್ಕ. ಗಾಯದ ಲೆಕ್ಕಕ್ಕೆ ಅವರದೇ 2010ರ ಇನ್ನೊಂದು ತೀರ್ಪು. ನನ್ನ ದೃಷ್ಟಿಯಲ್ಲಿ ಇಡೀ ಚರಿತ್ರೆಯ ತಿರುವು ಅಲ್ಲಿದೆ. ವೈದ್ಯರು ಶೇಕಡಾ 45 ಅಂಗವೈಕಲ್ಯ ಎಂದು ಬರೆದರೆ, ದುಡಿಮೆಯೂ ಶೇಕಡಾ 45 ಹೋಯಿತು ಎಂದಲ್ಲ. ಮೊದಲು, ಅದು ಆ ಒಂದು ಅಂಗದ ಪ್ರಮಾಣವೋ ಇಡೀ ದೇಹದ್ದೋ ಕೇಳಬೇಕು. ಆಮೇಲೆ ಆತ ಅಪಘಾತಕ್ಕೆ ಮೊದಲು ಏನು ಕೆಲಸ ಮಾಡುತ್ತಿದ್ದ, ಈಗ ಏನು ಮಾಡಬಲ್ಲ, ಏನು ಮಾಡಲಾರ ಎಂದು ಕೇಳಬೇಕು. ರವೀಂದ್ರನ್ ಕೊಟ್ಟ ಉದಾಹರಣೆ ಸರಳವಾಗಿದೆ. ಎಡಗೈ ಕತ್ತರಿಸಿಹೋದ ಚಾಲಕ ಅಥವಾ ಬಡಗಿಗೆ ದುಡಿಮೆ ಹೆಚ್ಚುಕಡಿಮೆ ಪೂರ್ತಿ ಹೋದಂತೆಯೇ. ಅದೇ ಎಡಗೈ ಹೋದ ಸರ್ಕಾರಿ ಗುಮಾಸ್ತನ ನೌಕರಿ ಉಳಿಯಬಹುದು. ಗಾಯ ಒಂದೇ, ನಷ್ಟ ಒಂದೇ ಅಲ್ಲ.

ಹತ್ತು ವರ್ಷದ ನಂತರ, 2020ರಲ್ಲಿ, ಮೈಸೂರಿನಲ್ಲಿ ಹುಟ್ಟಿದ ನ್ಯಾಯಮೂರ್ತಿ ಎಸ್. ರವೀಂದ್ರ ಭಟ್ ಈ ಎಳೆಯನ್ನು ಮುಂದುವರಿಸಿದರು. ಇಪ್ಪತ್ತು ವರ್ಷದ ಟೈಪಿಸ್ಟ್ ಒಬ್ಬ ಬಲಗೈ ಕಳೆದುಕೊಂಡಿದ್ದ. ಹೈಕೋರ್ಟ್ ಆತನ ದುಡಿಮೆಯ ನಷ್ಟವನ್ನು ಶೇಕಡಾ 45 ಎಂದಿತ್ತು. ಸುಪ್ರೀಂ ಕೋರ್ಟ್ ಶೇಕಡಾ 65 ಎಂದಿತು. ಮುಂದೆ ಹೆಚ್ಚಬಹುದಾಗಿದ್ದ ಆದಾಯವನ್ನು ಸತ್ತವರಿಗೆ ಸೇರಿಸುವುದಾದರೆ ಬದುಕಿ ಉಳಿದ ಗಾಯಾಳುವಿಗೂ ಸೇರಿಸಬೇಕು ಎಂದಿತು. ಹಾಗೆ ಎಷ್ಟು ಸೇರಿಸಬೇಕು ಎಂಬುದನ್ನು 2017ರಲ್ಲಿ ಐವರು ನ್ಯಾಯಮೂರ್ತಿಗಳ ಸಂವಿಧಾನ ಪೀಠ ನಿಗದಿ ಮಾಡಿತ್ತು. ಸ್ವಂತ ದುಡಿಮೆಯವರಿಗೆ, 40 ವರ್ಷದೊಳಗಿದ್ದರೆ ಶೇಕಡಾ 40.

ಈಗ ಆ ಒಂದು ಪದಕ್ಕೆ ಬರೋಣ. ಕೆಳಗಿನದು ಗೌಂಡಿಯ ಕೇಸಿನ ನಿಜವಾದ ಅಂಕಿಗಳಲ್ಲ, ತಿಳಿಯಲೆಂದು ನಾನು ಹಾಕಿಕೊಂಡ ಲೆಕ್ಕ.

ವಯಸ್ಸು 34. ಕೂಲಿಯವನೆಂದು ಹಿಡಿದು ತಿಂಗಳಿಗೆ 10,000 ಎನ್ನೋಣ. ವರ್ಷಕ್ಕೆ 1,20,000. ಶೇಕಡಾ 40 ಸೇರಿಸಿದರೆ 1,68,000. 16ರಿಂದ ಗುಣಿಸಿದರೆ 26,88,000. ಮಣಿಕಟ್ಟಿನ ಗಾಯ, ಹೇಗೂ ಯಾವುದಾದರೂ ಕೂಲಿ ಮಾಡಬಹುದಲ್ಲ ಎಂದು ದುಡಿಮೆಯ ನಷ್ಟ ಶೇಕಡಾ 20 ಎಂದರೆ, 5,37,600 ರೂಪಾಯಿ.

ಗೌಂಡಿ ಎಂದು ಹಿಡಿದು ತಿಂಗಳಿಗೆ 15,000 ಎನ್ನೋಣ. ವರ್ಷಕ್ಕೆ 1,80,000, ಶೇಕಡಾ 40 ಸೇರಿ 2,52,000, 16ರಿಂದ ಗುಣಿಸಿ 40,32,000. ಕರಣೆ ಹಿಡಿಯಲಾಗದ ಗೌಂಡಿ ಗೌಂಡಿಯಲ್ಲ ಎಂದು ಒಪ್ಪಿ ನಷ್ಟ ಶೇಕಡಾ 60 ಎಂದರೆ, 24,19,200 ರೂಪಾಯಿ.

ಅದೇ ಮನುಷ್ಯ, ಅದೇ ಟೆಂಪೊ, ಅದೇ ಮೂಳೆ. ಪದ ಎರಡು ಕಡೆ ಕಡಿತ ಮಾಡುತ್ತದೆ: ಒಮ್ಮೆ ಆದಾಯದಲ್ಲಿ, ಇನ್ನೊಮ್ಮೆ ನಷ್ಟದ ಪ್ರಮಾಣದಲ್ಲಿ. ಯಾದಗಿರಿಯ ಠಾಣೆಯಲ್ಲಿ ಎಫ್‌ಐಆರ್ ಬರೆದವರಿಗೆ ಕೆಟ್ಟ ಮನಸ್ಸಿರಲಿಲ್ಲ, ಅದು ನನಗೆ ಗೊತ್ತು. ಊರು ಬಿಟ್ಟು ದುಡಿಯಲು ಹೋದವರನ್ನೆಲ್ಲ ಕೂಲಿ ಎಂದು ಬರೆಯುವುದು ರೂಢಿ. ಆ ರೂಢಿಯ ಬೆಲೆ ಹತ್ತೊಂಬತ್ತು ಲಕ್ಷಕ್ಕೆ ಹತ್ತಿರವಾಗಬಹುದು ಎಂದು ಅವರಿಗೆ ಯಾರೂ ಹೇಳಿರುವುದಿಲ್ಲ.

ಮನೆಯಲ್ಲಿ ಇರುವವಳು

1808ರ ಆ ಹೆಂಡತಿಯನ್ನು ಇಲ್ಲಿ ನೆನೆಯಬೇಕು. ಅಂಗಡಿಯಲ್ಲಿ ದುಡಿಯುತ್ತಿದ್ದರೂ ಅವಳ ದುಡಿಮೆಗೆ ಕಾನೂನಿನಲ್ಲಿ ಒಂದು ತಿಂಗಳ ಆಯುಷ್ಯ ಮಾತ್ರ ಇತ್ತು. ನಮ್ಮ 1994ರ ಪಟ್ಟಿ ಸಂಬಳವಿಲ್ಲದ ಹೆಂಡತಿಯ ಆದಾಯವನ್ನು ದುಡಿಯುವ ಗಂಡನ ಆದಾಯದ ಮೂರನೇ ಒಂದು ಭಾಗ ಎಂದಿತು. ಗಂಡನಿಗೆ ಬಡ್ತಿ ಸಿಕ್ಕರೆ ಅವಳ ಅಡುಗೆಯ ಬೆಲೆಯೂ ಏರುತ್ತದೆ ಎಂಬಂತೆ.

2010ರಲ್ಲಿ ನ್ಯಾಯಮೂರ್ತಿ ಎ. ಕೆ. ಗಂಗೂಲಿ, ಜನಗಣತಿ ಗೃಹಿಣಿಯರನ್ನು ಭಿಕ್ಷುಕರು, ಕೈದಿಗಳ ಜೊತೆ ಉತ್ಪಾದಕರಲ್ಲದವರ ಗುಂಪಿಗೆ ಸೇರಿಸಿದ್ದನ್ನು ಕಟುವಾಗಿ ಟೀಕಿಸಿದರು. 2021ರ ಜನವರಿಯಲ್ಲಿ ನ್ಯಾಯಮೂರ್ತಿ ಎನ್. ವಿ. ರಮಣ 2019ರ ಕಾಲಬಳಕೆ ಸಮೀಕ್ಷೆಯನ್ನು ಮುಂದಿಟ್ಟರು. ಸಂಬಳವಿಲ್ಲದ ಮನೆಗೆಲಸಕ್ಕೆ ಹೆಂಗಸರು ದಿನಕ್ಕೆ ಸರಾಸರಿ 299 ನಿಮಿಷ ಕೊಟ್ಟರೆ ಗಂಡಸರು 97 ನಿಮಿಷ. ಗೃಹಿಣಿಯ ದುಡಿಮೆಗೆ ಆದಾಯ ನಿಗದಿ ಮಾಡುವುದು ದಯೆಯಲ್ಲ, ಅದನ್ನು ಕೆಲಸವೆಂದು ಒಪ್ಪಿಕೊಳ್ಳುವುದು ಎಂಬುದು ಅವರ ನಿಲುವು.

ಎರಡೂ ಕಡೆ ನಡೆದದ್ದು ಒಂದೇ. ಬಡಗಿಯ ಕೈಯಾಗಲಿ ಗೃಹಿಣಿಯ ಕೈಯಾಗಲಿ, ಕಾನೂನು ನ್ಯಾಯದ ಹತ್ತಿರ ಬಂದದ್ದು ಅದು ಏನು ಮಾಡುತ್ತಿತ್ತು ಎಂದು ಕೇಳಿದಾಗ.

ಪರಿಹಾರ ಎಂಬ ಪದ

ಭಾಷಾಶಾಸ್ತ್ರ ಓದಿದವಳಾದ್ದರಿಂದ ಪದಗಳ ಕಡೆಗೆ ಮನಸ್ಸು ಹರಿಯುತ್ತದೆ. ಇಂಗ್ಲಿಷಿನ ಕಾಂಪೆನ್ಸೇಷನ್‌ನ ಲ್ಯಾಟಿನ್ ಬೇರಿನಲ್ಲಿರುವುದು ತಕ್ಕಡಿ: ಎರಡನ್ನು ಒಟ್ಟಿಗೆ ತೂಗುವುದು. ಮರಾಠಿಯವರು 'ನುಕಸಾನ ಭರಪಾಈ' ಎನ್ನುತ್ತಾರೆ, ತೂತನ್ನು ತುಂಬುವುದು. ದೆಹಲಿಯವರ 'ಮುಆವಜಾ' ಅರಬ್ಬಿಯಿಂದ ಬಂದದ್ದು, ಒಂದರ ಬದಲಿಗೆ ಇನ್ನೊಂದು. ತಮಿಳಿನ 'ಇಳಪ್ಪೀಡು' ಎಂದರೆ ನಷ್ಟಕ್ಕೆ ಈಡಾದದ್ದು. ನಮ್ಮ ಈಡುಜೋಡಿನ ಅದೇ ಈಡು. ತೆಲುಗಿನವರು ನಷ್ಟಪರಿಹಾರಂ ಎಂದು ನಷ್ಟವನ್ನು ಹೆಸರಿಸಿಯೇ ಮುಂದೆ ಹೋಗುತ್ತಾರೆ.

ನಾವು ಬರೀ ಪರಿಹಾರ ಎನ್ನುತ್ತೇವೆ. ಪರಿಹಾರವೆಂದರೆ ತೆಗೆದುಹಾಕುವುದು, ನೀಗಿಸುವುದು. ಗಣಿತದ ಲೆಕ್ಕಕ್ಕೂ ಪರಿಹಾರ, ಸಂಶಯಕ್ಕೂ ಪರಿಹಾರ, ಜಾತಕದ ದೋಷಕ್ಕೂ ಪರಿಹಾರ, ನೆರೆ ಬಂದಾಗ ಸರ್ಕಾರ ಹಂಚುವುದೂ ಪರಿಹಾರ. ಹೀಗಾಗಿ ನಮ್ಮ ಕಿವಿಗೆ ಅದು ಕೊಡುವವರ ಕೃಪೆಯಂತೆ ಕೇಳುತ್ತದೆ; ಪಡೆಯುವವರ ಹಕ್ಕಿನಂತಲ್ಲ. ಆ ಗೌಂಡಿಯೂ ಮೊದಲ ದಿನ, "ಸರಕಾರದವ್ರು ಏನರ ಕೊಡ್ತಾರಂತಲ್ರೀ" ಎಂದೇ ಕೇಳಿದ್ದರು. ಕೊಡಬೇಕಾದದ್ದು ಸರ್ಕಾರವಲ್ಲ, ಟೆಂಪೊದ ಮಾಲೀಕ ಪ್ರೀಮಿಯಂ ಕಟ್ಟಿದ್ದ ಕಂಪನಿ, ಅದೂ ನಿಮಗಾಗಿಯೇ ಕಟ್ಟಿದ್ದು ಎಂದು ಬಿಡಿಸಿ ಹೇಳಲು ಸ್ವಲ್ಪ ಹೊತ್ತು ಹಿಡಿಯಿತು.

ಈಗ ಎಲ್ಲಿದ್ದೇವೆ

2019ರ ತಿದ್ದುಪಡಿಯ ಈ ಭಾಗ 2022ರ ಏಪ್ರಿಲ್ 1ರಿಂದ ಜಾರಿಯಲ್ಲಿದೆ. ಹಳೆಯ ಕೋಷ್ಟಕ ಹೋಯಿತು. ತಪ್ಪು ನೋಡದೆ ಕೊಡುವ ಮೊತ್ತ ಸಾವಿಗೆ 5 ಲಕ್ಷ, ತೀವ್ರ ಗಾಯಕ್ಕೆ 2.5 ಲಕ್ಷ ಆಯಿತು. ಬಡಿದು ಓಡಿಹೋದ ವಾಹನ ಸಿಗದಿದ್ದರೆ ಸಾವಿಗೆ 2 ಲಕ್ಷ, ತೀವ್ರ ಗಾಯಕ್ಕೆ 50,000. 1988ರಲ್ಲಿ ಅದು 8,500 ಮತ್ತು 2,000 ಇತ್ತು. ಅಪಘಾತದ ಮೊದಲ ವರದಿಯನ್ನು ಪೊಲೀಸರು 48 ಗಂಟೆಯೊಳಗೆ, ವಿವರವಾದ ವರದಿಯನ್ನು 90 ದಿನದೊಳಗೆ ಮಂಡಳಿಗೆ ಕೊಡಬೇಕು.

ಹಿಂದಕ್ಕೆ ಹೋದದ್ದೂ ಇದೆ. 1988ರ ಕಾಯ್ದೆ ಅರ್ಜಿಗೆ ಆರು ತಿಂಗಳ ಗಡುವು ಹಾಕಿತ್ತು. ಆರು ತಿಂಗಳು ಹಾಸಿಗೆಯಲ್ಲೇ ಕಳೆಯುವವರಿಗೆ ಇದು ಅನ್ಯಾಯ ಎಂದು 1994ರಲ್ಲಿ ತೆಗೆದುಹಾಕಿದ್ದರು. 2022ರಿಂದ ಅದು ಮತ್ತೆ ಬಂದಿದೆ. ಅದನ್ನು ಪ್ರಶ್ನಿಸಿದ ಅರ್ಜಿಗಳು ಸುಪ್ರೀಂ ಕೋರ್ಟ್ ತಲುಪಿವೆ. ನಿಮ್ಮ ಮನೆಯಲ್ಲೋ ಪರಿಚಯದವರಲ್ಲೋ ಯಾರಿಗಾದರೂ ಹೀಗಾದರೆ, ಆರು ತಿಂಗಳು ಎಂಬುದು ನೆನಪಿರಲಿ. ಮತ್ತು ಕಾಗದದಲ್ಲಿ 'ಉ' ಮುಂದೆ ಏನು ಬರೆದಿದ್ದಾರೆ ಎಂದು ಆಸ್ಪತ್ರೆಯಿಂದ ಬಂದ ವಾರದಲ್ಲೇ ಒಮ್ಮೆ ನೋಡಿ.

ಗೌಂಡಿಯ ಅರ್ಜಿ ಐದನೇ ತಿಂಗಳಿನಲ್ಲಿ ದಾಖಲಾಯಿತು. ಎಫ್‌ಐಆರ್‌ನ ಪದ ಬದಲಿಸಲು ನನಗೆ ಅಧಿಕಾರವಿರಲಿಲ್ಲ. ಆದರೆ ಆತನದೇ ಅಫಿಡವಿಟ್ ಬೇಕಿತ್ತು. ಅದನ್ನು ಆತನ ಮಾತಿನಲ್ಲೇ ಕನ್ನಡದಲ್ಲಿ ಬರೆದು, ಜೊತೆಗೆ ಇಂಗ್ಲಿಷ್ ಅನುವಾದ ಇಡೋಣ ಎಂದು ವಕೀಲರು ಒಪ್ಪಿದರು. ಒಂದು ಭಾನುವಾರ ಅವರ ತಗಡಿನ ಮನೆಗೆ ಹೋದೆ. ಈ ಕೈಯಿಂದ ಏನೇನು ಮಾಡುತ್ತಿದ್ದಿರಿ, ಒಂದೊಂದಾಗಿ ಹೇಳಿ ಎಂದೆ.

ಮೊದಲು ನಾಚಿಕೊಂಡರು. ಆಮೇಲೆ ಹೇಳತೊಡಗಿದರು. ಕರಣೆಯಲ್ಲಿ ಗಾರೆ ಎತ್ತುವುದು. ಇಟ್ಟಿಗೆಯನ್ನು ಒಂದೇ ಪೆಟ್ಟಿಗೆ ಬೇಕಾದ ಅಳತೆಗೆ ಒಡೆಯುವುದು. ದಾರ ಕಟ್ಟಿ ಸಾಲು ಹಿಡಿಯುವುದು. ಗುಂಡು ಇಳಿಬಿಟ್ಟು ಗೋಡೆ ನೆಟ್ಟಗಿದೆಯೇ ನೋಡುವುದು. ಪೆಟ್ಟಿಗೆ ಸಿಕ್ಕಿದ ಹೆಬ್ಬೆರಳು ಈಗ ಕರಣೆಯ ಹಿಡಿಯನ್ನು ಸುತ್ತುವುದೇ ಇಲ್ಲ ಎಂದು ತೋರಿಸಿದರು. ಒಳಗಿನಿಂದ ಹೆಂಡತಿ, "ಪ್ಲಾಸ್ಟರ್ ಹೇಳಲೇ ಇಲ್ಲಲ್ಲ! ಪ್ಲಾಸ್ಟರಿಗೆ ಇವರನ್ನ ಹುಡುಕ್ಕೋತ ಬರ್ತಿದ್ರು" ಎಂದರು. ಅದನ್ನೂ ಬರೆದೆ. ನೀವೇನು ಮಾಡುತ್ತೀರಿ ಎಂದು ಅವರನ್ನು ಕೇಳಿದೆ. "ನಂದೇನ್ರೀ, ಮನ್ಯಾಗ ಇರ್ತೀನಿ" ಎಂದರು. ಗಂಡ ಬಿದ್ದ ದಿನದಿಂದ ಅವರಿಗೆ ಸ್ನಾನ ಮಾಡಿಸಿ, ಅಂಗಿ ತೊಡಿಸಿ, ಆಮೇಲೆ ಹೆಲ್ಪರ್ ಕೆಲಸಕ್ಕೆ ಹೋಗುತ್ತಿದ್ದರು. ಆರೈಕೆಯೂ ಪರಿಹಾರದ ಲೆಕ್ಕಕ್ಕೆ ಸೇರುತ್ತದೆ ಎಂದು ಹೇಳಿ, ಅದನ್ನೂ ಬರೆದುಕೊಂಡೆ. ಹಾಜರಿ ಪುಸ್ತಕ ತರಲು, ಸಾಕ್ಷಿ ಹೇಳಲು ಅವರ ಮುಕಾದಮರು ಒಪ್ಪಿದ್ದಾರೆ.

ಕೇಸು ಇನ್ನೂ ನಡೆಯುತ್ತಿದೆ. ಮಂಡಳಿಗೆ ಏನು ನ್ಯಾಯವೆಂದು ಕಾಣುತ್ತದೋ ನನಗೆ ತಿಳಿಯದು.

ಅಫಿಡವಿಟ್ ಅಚ್ಚಾಗಿ ಬಂದ ದಿನ ಅವರಿಗೆ ಓದಿ ಹೇಳಲು ಹೊರಟೆ. ನಾನೇ ಓದ್ತೀನಿ ಎಂದರು. ನಾಲ್ಕನೇ ಇಯತ್ತೆಯವರೆಗೆ ಕಲಿತವರು. ಎಡಗೈಯ ಬೆರಳನ್ನು ಸಾಲಿನ ಕೆಳಗಿಟ್ಟು ನಿಧಾನವಾಗಿ ಓದುತ್ತಾ ಬಂದರು. ಹೆಸರು, ವಯಸ್ಸು, ಊರು. ಉದ್ಯೋಗದ ಹತ್ತಿರ ಬೆರಳು ನಿಂತಿತು. "ಗೌಂಡಿ" ಎಂದು ಗಟ್ಟಿಯಾಗಿ ಓದಿ, ಹೆಂಡತಿಯ ಕಡೆ ನೋಡಿ, ಮುಂದಿನ ಸಾಲಿಗೆ ಹೋದರು.